ಐವತ್ತು ಪುಟಕ್ಕೇ ಬಿಡಬೇಡಿ

ಎಮ್ಮಾ ಟೋರ್ಜ್ ಅವರ ‘ಇಂಕ್ ಬ್ಲಡ್ ಸಿಸ್ಟರ್ ಸ್ಕ್ರೈಬ್’ ಕಾದಂಬರಿ 50 ಪುಟವಾದರೂ ಹಿಡಿಯುತ್ತಿಲ್ಲ, ಬಿಡಲಾ ಎಂದು ಕೇಳಿದ್ದೀರಿ. ಬಿಡಬೇಡಿ. ಶುರು ನಿಧಾನ, ನಿಜ. ಇಂಗ್ಲೆಂಡಿನ ನಿಕೋಲಸ್ ಕತೆ ಬಂದು ಕೂಡಿಕೊಂಡ ಮೇಲೆ ವೇಗ ಬರುತ್ತದೆ.

ರಕ್ತವೇ ಶಾಯಿಯಾದ ಪುಸ್ತಕಗಳು ಎಂಬ ಕಲ್ಪನೆ ಚೆಂದ. ಆದರೆ ನನ್ನನ್ನು ಜಾಸ್ತಿ ಕಾಡಿದ್ದು ಅಕ್ಕತಂಗಿಯರ ನಡುವಿನ ದೂರ. ತಂಗಿ ಜೊವಾನಾಗೆ ಪುಸ್ತಕಗಳ ಮಂತ್ರಶಕ್ತಿ ಕಿವಿಗೆ ಕೇಳಿಸುತ್ತದೆ. ಅಕ್ಕ ಎಸ್ತರ್ ಮೇಲೆ ಯಾವ ಮಂತ್ರವೂ ನಾಟುವುದಿಲ್ಲ. ಜೊವಾನಾ ಅಮೆರಿಕದ ವರ್ಮಾಂಟ್‌ನ ಮನೆಯಲ್ಲಿ ಪುಸ್ತಕ ಕಾಯುತ್ತಾಳೆ, ಎಸ್ತರ್ ಅಂಟಾರ್ಕ್ಟಿಕಾದಲ್ಲಿ ಎಲೆಕ್ಟ್ರಿಷಿಯನ್. ಅಪ್ಪನ ಮಾತಿಗೆ ಕಟ್ಟುಬಿದ್ದು ವರ್ಷಕ್ಕೊಂದು ಊರು ಬದಲಿಸುವವಳು. ಓದುತ್ತಾ ನನಗೆ ಗಂಟಲು ಕಟ್ಟಿತು.

ಮಂಗಳೂರಿನ ಮಳೆಗಾಲದಲ್ಲಿ ಬೂಸ್ಟು ಹಿಡಿಯದಂತೆ ಪುಸ್ತಕ ಒರೆಸುತ್ತಾ ಕೂರುವ ನನಗೆ ಜೊವಾನಾ ಮನೆಯವಳೇ ಅನಿಸಿದಳು. ನಿಮ್ಮ ಉಡುಪಿಯಲ್ಲೂ ಹಾಗೇ ಅಲ್ವಾ? ಇನ್ನೂ 100 ಪುಟ ಓದಿ ನೋಡಿ.