ಒಂಬತ್ತನೇ ಪುಟದ ನೀರಿನ ಬಾಟಲಿ

ನಮಸ್ಕಾರ.

ನಿಮ್ಮ ಗಾರ್ಮೆಂಟ್ಸ್ ಕಥೆಯನ್ನು ಎರಡು ಸಲ ಓದಿದೆ. ಈಗಿರುವ ಹಾಗೆ ಅಚ್ಚು ಹಾಕೋಕೆ ಆಗುವುದಿಲ್ಲ. ಕೆಟ್ಟ ಸುದ್ದಿ ಮೊದಲೇ ಹೇಳಿಬಿಟ್ಟೆ, ಉಳಿದದ್ದನ್ನು ನಿಧಾನವಾಗಿ ಓದಿ.

ಜೊತೆಗಿಟ್ಟ ಪತ್ರದಲ್ಲಿ ‘ಇದನ್ನು ಓದಿ ಸರ್ಕಾರ ಎಚ್ಚೆತ್ತುಕೊಳ್ಳಬೇಕು’ ಅಂತ ಬರೆದಿದ್ದೀರಿ. ಆಸೆ ದೊಡ್ಡದು, ತಪ್ಪೇನಿಲ್ಲ. ಆದರೆ 22 ಪುಟದ ಕಥೆಯಲ್ಲಿ ಮೊದಲ ಮೂರು ಪುಟ ಬರೀ ಭಾಷಣ. ಸೂಪರ್‌ವೈಸರ್‌ಗೆ ಗಿರಿಜಾ ಮೀಸೆ, ಕೆಂಪು ಕಣ್ಣು. ಕಥಾನಾಯಕಿ ಮಂಜುಳ ಅಳುತ್ತಾಳೆ, ಪುಟ ತಿರುಗಿಸಿದರೆ ಮತ್ತೆ ಅಳುತ್ತಾಳೆ. ಕೊನೆಗೆ ಟಿವಿಯವರು ಬರುತ್ತಾರೆ, ಫ್ಯಾಕ್ಟರಿಗೆ ಬೀಗ ಬೀಳುತ್ತೆ, ಹೆಂಗಸರೆಲ್ಲ ಕುಣಿಯುತ್ತಾರೆ. ಅಲ್ಲ, ಬೀಗ ಬಿದ್ದ ಮೇಲೆ ಆ ಆರುನೂರು ಜನರ ಮನೆ ಬಾಡಿಗೆ, ಚೀಟಿ ದುಡ್ಡು, ಮಕ್ಕಳ ಫೀಸು ಯಾರು ಕಟ್ಟುತ್ತಾರೆ? ಅವರು ಕುಣಿಯುವುದಿಲ್ಲ. ಗೇಟಿನ ಮುಂದೆ ನಿಂತು ಬಾಕಿ ಸಂಬಳ ಕೇಳುತ್ತಾರೆ.

ಈಗ ಒಂಬತ್ತನೇ ಪುಟಕ್ಕೆ ಬನ್ನಿ. ಮಂಜುಳ ಬೆಳಿಗ್ಗೆ ಬಾಟಲಿ ತುಂಬ ನೀರು ಒಯ್ಯುತ್ತಾಳೆ. ಕುಡಿದರೆ ಟಾಯ್ಲೆಟ್‌ಗೆ ಹೋಗಬೇಕು, ಹೋದರೆ ಪ್ರೊಡಕ್ಷನ್ ಹಿಂದೆ ಬೀಳುತ್ತೆ, ಲೈನಿನ ಎಲ್ಲರ ಮುಂದೆ ಬೈಸಿಕೊಳ್ಳಬೇಕು. ಅದಕ್ಕೇ ಕುಡಿಯುವುದಿಲ್ಲ. ಸಂಜೆ ಅದೇ ನೀರನ್ನು ಮನೆ ಮುಂದಿನ ತುಳಸಿ ಗಿಡಕ್ಕೆ ಸುರಿಯುತ್ತಾಳೆ. ನಾಲ್ಕೇ ಸಾಲು. ಓದುತ್ತಾ ಚಹಾ ಲೋಟ ಕೆಳಗಿಟ್ಟೆ. ಇಲ್ಲಿ ನೀವು ಬೈದಿಲ್ಲ, ಅತ್ತಿಲ್ಲ. ಬೈಯುವ ಕೆಲಸವನ್ನು ನನಗೆ ಬಿಟ್ಟಿದ್ದೀರಿ. ಆಮೇಲೆ ಹತ್ತನೇ ಪುಟದಲ್ಲಿ ‘ಇದು ಎಂಥ ಅಮಾನವೀಯ ವ್ಯವಸ್ಥೆ!’ ಅಂತ ಬರೆದು ಅದನ್ನೂ ಕೆಡಿಸಿಬಿಟ್ಟಿರಿ.

ಹೊಲಸು ಬಯಲಿಗೆಳೆಯುವ ಕಥೆ ಬರೆಯಲು ಹೊರಟವರು ಅಮೆರಿಕದ ಕಾದಂಬರಿಕಾರ ಅಪ್ಟನ್ ಸಿಂಕ್ಲೇರ್ ಪಾಡನ್ನು ತಿಳಿದಿರಬೇಕು. 1904ರಲ್ಲಿ, ಇಪ್ಪತ್ತಾರನೇ ವಯಸ್ಸಿನಲ್ಲಿ, ಆತ ಶಿಕಾಗೋದ ಮಾಂಸದ ಕಾರ್ಖಾನೆಗಳ ಕೇರಿಯಲ್ಲಿ ಏಳು ವಾರ ತಿರುಗಾಡಿದ. ಹಳೇ ಬಟ್ಟೆ, ಕೈಯಲ್ಲೊಂದು ಊಟದ ಡಬ್ಬಿ. ಡಬ್ಬಿ ಹಿಡಿದವನನ್ನು ಯಾರೂ ತಡೆಯುತ್ತಿರಲಿಲ್ಲವಂತೆ! ಒಂದು ದಿನ ವಲಸೆ ಬಂದ ಲಿಥುವೇನಿಯನ್ನರ ಮದುವೆಯೊಂದು ಕಣ್ಣಿಗೆ ಬಿತ್ತು. ಹೋಗಿ ಕೂತ. ‘ದಿ ಜಂಗಲ್’ ಕಾದಂಬರಿ ಶುರುವಾಗುವುದು ಆ ಮದುವೆಯಿಂದಲೇ. ಹಾಡು, ಕುಣಿತ, ಖರ್ಚಿನ ಚಿಂತೆ. ಕೊಳೆತ ಮಾಂಸ ಬರುವುದು ಆಮೇಲೆ. ಅಷ್ಟೊತ್ತಿಗೆ ಮದುಮಕ್ಕಳಾದ ಯುರ್ಗಿಸ್ ಮತ್ತು ಓನಾ ನಮ್ಮ ಮನೆಯವರಾಗಿರುತ್ತಾರೆ. ನಿಮ್ಮ ಮಂಜುಳ ನಗುವುದು ಯಾವಾಗ? ಯಾವ ಸೀರಿಯಲ್ ನೋಡ್ತಾಳೆ? ಯಾರ ಮೇಲೆ ಹೊಟ್ಟೆಕಿಚ್ಚು? ಒಂದೂ ಗೊತ್ತಾಗಲಿಲ್ಲ.

ಆ ಕಾದಂಬರಿಯನ್ನು ಹಾಕುವ ಮೊದಲು ಪ್ರಕಾಶಕರು ತಮ್ಮ ಕಡೆಯಿಂದ ಒಬ್ಬರನ್ನು ಶಿಕಾಗೋಗೆ ಕಳಿಸಿ, ಬರೆದದ್ದು ನಿಜವೋ ಸುಳ್ಳೋ ಅಂತ ನೋಡಿಸಿದರು. ನನ್ನ ಹತ್ತಿರ ಅದಕ್ಕೆ ಬಸ್ ಚಾರ್ಜೂ ಇಲ್ಲ. ಹಾಗಾಗಿ ನೀವೇ ಹೋಗಬೇಕು. ಹೋಗಿಲ್ಲ ಅಂತ ಐದನೇ ಪುಟದಲ್ಲೇ ಸಿಕ್ಕಿಬಿದ್ದಿದ್ದೀರಿ. ‘ದಿನಕ್ಕೆ ನಲವತ್ತು ಶರ್ಟ್ ಹೊಲಿಯುತ್ತಿದ್ದಳು’ ಎಂದಿದೆ. ಲೈನಿನಲ್ಲಿ ಒಬ್ಬರೇ ಇಡೀ ಶರ್ಟ್ ಹೊಲಿಯುವುದಿಲ್ಲ ಮಾರಾಯರೇ. ಒಬ್ಬಳು ಕಾಲರ್, ಇನ್ನೊಬ್ಬಳು ಕಫ್, ಮತ್ತೊಬ್ಬಳು ಜೇಬು. ವರ್ಷಗಟ್ಟಲೆ ಬರೀ ಜೇಬು ಕೂರಿಸಿದವಳ ಕೈ ಹೇಗಿರುತ್ತೆ? ಇದನ್ನು ಗಾರ್ಮೆಂಟ್ಸ್‌ಗೆ ಹೋಗುವ ಯಾರನ್ನು ಕೇಳಿದ್ದರೂ ಹೇಳುತ್ತಿದ್ದರು.

ಸಿಂಕ್ಲೇರ್ ಕಥೆ ಅಲ್ಲಿಗೆ ಮುಗಿಯಲಿಲ್ಲ. ಪುಸ್ತಕ 1906ರ ಫೆಬ್ರವರಿಯಲ್ಲಿ ಬಂತು. ಅಮೆರಿಕದ ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್ ತನಿಖೆಗೆ ಇಬ್ಬರನ್ನು ಕಳಿಸಿದರು. ಜೂನ್ 30ಕ್ಕೆ ಮಾಂಸ ತಪಾಸಣೆಗೆ ಒಂದು, ಆಹಾರ ಮತ್ತು ಔಷಧಿಯ ಕಲಬೆರಕೆ ತಡೆಯಲು ಒಂದು, ಎರಡು ಕಾನೂನಿಗೆ ಸಹಿ ಬಿತ್ತು. (ಅದೇ ಏಪ್ರಿಲ್‌ನಲ್ಲಿ ಇದೇ ರೂಸ್‌ವೆಲ್ಟ್, ಇಂಥ ಬರಹಗಾರರಲ್ಲಿ ಕೆಲವರು ಬರೀ ಕೊಚ್ಚೆ ಕೆದಕುವವರು ಅಂತ ಭಾಷಣದಲ್ಲಿ ಜಾಡಿಸಿದ್ದರು. ತನಿಖೆಯೂ ಬೇಕು, ಬೈಗುಳವೂ ಬೇಕು!) ನಾಲ್ಕೇ ತಿಂಗಳಲ್ಲಿ ಕಾನೂನು! ನಿಮಗೆ ಬೇಕಾಗಿದ್ದೂ ಇದೇ ಅಲ್ವಾ? ಆದರೆ ಸಿಂಕ್ಲೇರ್ ಬರೆದದ್ದು ಕೆಲಸಗಾರರಿಗಾಗಿ. ಅವರ ಕೂಲಿ, ದುಡಿಮೆಯ ಹೊತ್ತು, ಮುರಿದ ಕೈಕಾಲು, ಇದಾವುದೂ ಆ ಕಾನೂನುಗಳಲ್ಲಿ ಇರಲಿಲ್ಲ. ಓದಿದವರಿಗೆ ತಮ್ಮ ತಟ್ಟೆಯ ಚಿಂತೆ ಹತ್ತಿತು. ಜನರ ಎದೆಗೆ ಗುರಿಯಿಟ್ಟೆ, ಅದು ಹೋಗಿ ಹೊಟ್ಟೆಗೆ ಬಿತ್ತು ಅಂತ ಆತನೇ ಹಲುಬಿದ.

ನಮ್ಮಲ್ಲಿ ಇದು ತಿರುಗಾಮುರುಗಾ ಆಗಿತ್ತು. ವಿಧವೆಯರ ಮರುಮದುವೆಗೆ ಕಾನೂನು 1856ರಲ್ಲೇ ಬಂದಿತ್ತು. ವಿಧವೆಯೊಬ್ಬಳ ಮರುಮದುವೆಯ ಕಥೆ ಹೇಳುವ ಗುಲ್ವಾಡಿ ವೆಂಕಟರಾಯರ ಕಾದಂಬರಿ ‘ಇಂದಿರಾಬಾಯಿ’ ಬಂದದ್ದು 1899ರಲ್ಲಿ. ನಲವತ್ತಮೂರು ವರ್ಷ ಕಾನೂನು ಕಾಗದದ ಮೇಲಿತ್ತು, ಮನೆಯೊಳಗೆ ಬಂದಿರಲಿಲ್ಲ. ಅದಕ್ಕೇ ಆ ಕಾದಂಬರಿ ಸರ್ಕಾರದ ಬಾಗಿಲು ತಟ್ಟಲಿಲ್ಲ. ನಮ್ಮ ಮನೆಗಳಿಗೇ ಬಂತು, ಮಡಿ-ಭಕ್ತಿಯ ಹೆಸರಲ್ಲಿ ಒಳಗೆ ಏನು ನಡೆಯುತ್ತಿದೆ ಅಂತ ತೋರಿಸಿತು.

ನಿಮ್ಮ ಕಥೆ ಈ ಎರಡನೇ ಸಾಲಿಗೆ ಸೇರಿದ್ದು ಅಂತ ನನ್ನ ಲೆಕ್ಕ. ಕಾರ್ಖಾನೆಯಲ್ಲಿ ಕುಡಿಯುವ ನೀರು ಇರಬೇಕು, ಹೆಂಗಸರಿಗೆ ಬೇರೆ ಶೌಚಾಲಯ ಇರಬೇಕು ಅಂತ 1948ರ ಕಾರ್ಖಾನೆ ಕಾಯ್ದೆಯಲ್ಲೇ ಬರೆದಿತ್ತು. ಮಂಜುಳನ ಫ್ಯಾಕ್ಟರಿಯಲ್ಲೂ ಶೌಚಾಲಯ ಇದೆ, ಬಾಗಿಲಿಗೆ ಚಿಲಕವೂ ಇದೆ. ಇಲ್ಲದ್ದು ಹೋಗಿಬರುವ ಹತ್ತು ನಿಮಿಷ. ಆ ಹತ್ತು ನಿಮಿಷವನ್ನು ಯಾರು, ಹೇಗೆ ಕದ್ದರು ಅನ್ನುವುದನ್ನು ಬರೆಯಿರಿ. ಸೂಪರ್‌ವೈಸರ್ ಮೀಸೆ ಬೋಳಿಸಿ. ಅವನಿಗೂ ಮೇಲಿನಿಂದ ಟಾರ್ಗೆಟ್ ಬರುತ್ತೆ, ಅವನೂ ಗಂಟೆಗೊಮ್ಮೆ ಬೋರ್ಡ್ ಮೇಲೆ ಪೀಸಿನ ಲೆಕ್ಕ ಬರೆಯಬೇಕು. ಶರ್ಟಿನ ಆರ್ಡರ್ ಎಲ್ಲಿಂದ ಬರುತ್ತೆ ಅನ್ನುವುದೂ ಒಂದು ಸಾಲಿನಲ್ಲಿ ಬರಲಿ.

ಇನ್ನೊಂದು ಮಾತು. 2016ರ ಏಪ್ರಿಲ್‌ನಲ್ಲಿ ಪಿಎಫ್ (ಭವಿಷ್ಯ ನಿಧಿ) ದುಡ್ಡು ತೆಗೆಯುವ ನಿಯಮ ಬದಲಾಯಿತು ಅಂತ ಬೆಂಗಳೂರಿನ ಗಾರ್ಮೆಂಟ್ಸ್ ಹೆಂಗಸರು ಸಾವಿರಾರು ಜನ ರಸ್ತೆಗಿಳಿದರು, ಹೊಸೂರು ರಸ್ತೆ ಬಂದ್ ಮಾಡಿದರು. ಎರಡೇ ದಿನಕ್ಕೆ ಕೇಂದ್ರ ಸರ್ಕಾರ ಆ ನಿಯಮ ವಾಪಸ್ ತೆಗೆದುಕೊಂಡಿತು. ಯಾವ ಕಥೆ ಓದಿಯೂ ಅವರು ಬಂದವರಲ್ಲ. ನಿಮ್ಮ ಮಂಜುಳ ಅವತ್ತು ಆ ಗುಂಪಿನಲ್ಲಿ ಇದ್ದಿರಬಹುದು. ಅಂಥವಳನ್ನು 22 ಪುಟ ಅಳಿಸಬೇಡಿ.

ಒಂದು ಅಕ್ಷರ ಬದಲಿಸಿ ನಿಜವಾದ ಕಂಪನಿಯ ಹೆಸರಿಟ್ಟಿದ್ದೀರಿ. ಅದನ್ನು ತೆಗೆಯಿರಿ, ಸುಮ್ನೆ ಕೋರ್ಟು ಯಾಕೆ? ಮೊದಲ ಮೂರು ಪುಟ, ಟಿವಿಯವರು, ಬೀಗ, ಕುಣಿತ ಎಲ್ಲ ಹೋಗಲಿ. ಹತ್ತು ಹನ್ನೆರಡು ಪುಟ ಉಳಿದರೆ ಸಾಕು. ದೀಪಾವಳಿಯೊಳಗೆ ಕಳಿಸಿ, ನಾನೇ ಓದುತ್ತೇನೆ.

ಮತ್ತೆ, ಆ ಬಾಟಲಿ ಎಂಥದ್ದು? ಅಂಗಡಿಯಲ್ಲಿ ಕೊಂಡದ್ದೋ, ಮಗಳು ಸ್ಕೂಲಿಗೆ ಒಯ್ದು ಹಳೆಯದಾದದ್ದೋ? ನೀವು ಬರೆದಿಲ್ಲ.