ಅಪೀಲಿನಲ್ಲಿ ರಾಜಿ: ವಾಪಸ್ ಮೆಮೊ ಹಾಕುವ ಮುನ್ನ

ಪ್ರಶ್ನೆ: ನಮ್ಮ 2 ಎಕರೆ 20 ಗುಂಟೆ ಪಿತ್ರಾರ್ಜಿತ ಜಮೀನಿಗೆ ಅಕ್ಕ ಪಾಲಿನ ದಾವೆ ಹೂಡಿದ್ದರು. ಅಕ್ಕ, ಅಣ್ಣ, ನಾನು, ತಲಾ ಮೂರನೇ ಒಂದು ಎಂದು ಪ್ರಾಥಮಿಕ ಡಿಕ್ರಿಯಾಗಿದೆ. ಅಣ್ಣನ ಅಪೀಲು ನಡೆಯುತ್ತಿದೆ. ಈಗ ಮನೆಯಲ್ಲೇ ಮಾತಾಗಿದೆ: ಅಣ್ಣನಿಗೆ 40 ಗುಂಟೆ, ನನಗೆ 40, ಅಕ್ಕನಿಗೆ 20 ಗುಂಟೆ ಮತ್ತು 6 ಲಕ್ಷ ರೂಪಾಯಿ. ದಾವೆಗೆ ಸೇರದ, ಅಣ್ಣನ ಹೆಸರಿನ ಒಂದು ಸೈಟೂ ಅಕ್ಕನಿಗೆ. ಛಾಪಾ ಕಾಗದದಲ್ಲಿ ಬರೆದುಕೊಂಡು ಅಪೀಲು ವಾಪಸ್ ಪಡೆದರೆ ಸಾಕೇ?

ಉತ್ತರ: ಸಾಲದು. ಹೆಚ್ಚಿನವರು ಎಡವುವುದು ಇಲ್ಲೇ. ಅಪೀಲು ವಾಪಸ್ ಆದರೆ ಕೆಳಗಿನ ಕೋರ್ಟಿನ ಡಿಕ್ರಿ ಹಾಗೇ ಉಳಿಯುತ್ತದೆ. ದಾಖಲೆಯಲ್ಲಿ ಅಕ್ಕನ ಪಾಲು ಆಗಲೂ 33 ಗುಂಟೆ ಚಿಲ್ಲರೆ. ನಾಳೆ ಅವರೋ ಅವರ ಮಕ್ಕಳೋ ಅಂತಿಮ ಡಿಕ್ರಿಗೆ (ಜಾಗ ಗುರುತಿಸಿ ಹಂಚಿಕೊಡುವ ಡಿಕ್ರಿಗೆ) ಅರ್ಜಿ ಹಾಕಿದರೆ, ನಿಮ್ಮ ಛಾಪಾ ಕಾಗದದ ಬಲದ ಮೇಲೆ ಹೊಸ ಜಗಳವೇ ಶುರು.

ಅಪೀಲು ಕೋರ್ಟಿನಲ್ಲೇ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 23, ನಿಯಮ 3ರ ಪ್ರಕಾರ ಜಂಟಿ ರಾಜಿ ಅರ್ಜಿ ಹಾಕಿ. ‘ಕೆಳ ಕೋರ್ಟಿನ ಡಿಕ್ರಿಯನ್ನು ಮಾರ್ಪಡಿಸಿ, ರಾಜಿಯ ಷರತ್ತುಗಳಂತೆ ಡಿಕ್ರಿ ಮಾಡಬೇಕು’ ಎಂಬ ಕೋರಿಕೆ ಅದರಲ್ಲಿ ಇರಲೇಬೇಕು. ಮೂವರೂ ಪ್ರತಿ ಪುಟಕ್ಕೆ ಸಹಿ ಹಾಕಿ. ವಕೀಲರ ಸಹಿಯೊಂದರಿಂದಲೂ ನಡೆದ ಉದಾಹರಣೆ ಉಂಟು, ಆದರೆ ‘ನನಗೆ ಗೊತ್ತೇ ಇರಲಿಲ್ಲ’ ಎಂಬ ತಕರಾರಿಗೆ ಅದೇ ದಾರಿ.

ಷೆಡ್ಯೂಲ್ (ಅರ್ಜಿಯಲ್ಲಿನ ಸ್ವತ್ತಿನ ವಿವರ) ಬರೆಯುವಾಗ ‘ಪಶ್ಚಿಮದ ಕಡೆಯ ಭಾಗ’ ಎಂದು ಬಿಡಬೇಡಿ. ಮೊದಲು ಅಳತೆ ಮಾಡಿಸಿ, ಪ್ರತಿಯೊಬ್ಬರ ಗುಂಟೆ, ನಾಲ್ಕೂ ಕಡೆಯ ಚಕ್ಕುಬಂದಿ, ನಕ್ಷೆ ಲಗತ್ತಿಸಿ. ಹಿಂದಿನ ತುಂಡಿಗೆ ಎತ್ತಿನಗಾಡಿ, ಟ್ರ್ಯಾಕ್ಟರ್ ಹೋಗುವ ದಾರಿ ಎಷ್ಟು ಅಡಿ ಅಗಲ, ಬೋರ್‌ವೆಲ್ ನೀರು ಯಾರಿಗೆ ಯಾವ ದಿನ, ಕರೆಂಟ್ ಬಿಲ್ ಯಾರದ್ದು, ಎಲ್ಲವನ್ನೂ ಬರೆಯಿರಿ. ಪಾಲು ಇಷ್ಟಿಷ್ಟು ಎಂದಷ್ಟೇ ಬರೆದು ಜಾಗ ಗುರುತಿಸದಿದ್ದರೆ ಮತ್ತೆ ಅಂತಿಮ ಡಿಕ್ರಿಯ ಅರ್ಜಿಗೇ ಹೋಗಬೇಕು.

6 ಲಕ್ಷದ ಡಿಡಿ ನಂಬರು, ತಾರೀಕು ಅರ್ಜಿಯಲ್ಲೇ ಬರಲಿ. ಕಂತು ಎಂದಾದರೆ ಕೊಡುವ ದಿನ, ತಪ್ಪಿದರೆ ಬಡ್ಡಿ ಎಷ್ಟು ಎಂಬುದೂ ಇರಲಿ. ಅಪೀಲು ಕೋರ್ಟಿನ ಡಿಕ್ರಿಯಾದರೂ ಅಮಲ್ಜಾರಿ ಅರ್ಜಿ (ಡಿಕ್ರಿಯನ್ನು ಜಾರಿಗೆ ತರಿಸುವ ಅರ್ಜಿ) ಹೋಗುವುದು ದಾವೆ ನಡೆದ ಮೂಲ ಕೋರ್ಟಿಗೆ. ಅದಕ್ಕೆ ಅವಧಿ 12 ವರ್ಷ.

ಸೈಟಿನ ವಿಷಯ ಬೇರೆ. ದಾವಾ ಸ್ವತ್ತಿನ ಮೇಲೆ ಮೊದಲೇ ಇದ್ದ ಹಕ್ಕನ್ನು ಹಂಚಿಕೊಳ್ಳುವ ರಾಜಿ ಡಿಕ್ರಿಗೆ ನೋಂದಣಿ ಬೇಡ. ದಾವೆಗೆ ಸೇರದ ಸೈಟನ್ನು ಅರ್ಜಿಯಲ್ಲಿ ಸೇರಿಸಲು ಅಡ್ಡಿಯಿಲ್ಲ, ಆದರೆ 1908ರ ನೋಂದಣಿ ಕಾಯ್ದೆಯ 17(2)(vi) ಪ್ರಕಾರ ಅದಕ್ಕೆ ನೋಂದಣಿಯಿಂದ ವಿನಾಯಿತಿಯಿಲ್ಲ. ಅಣ್ಣ ಪ್ರತ್ಯೇಕ ಪತ್ರ ಬರೆದು ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಾಯಿಸುವುದೇ ಮೇಲು. ವಿಭಾಗದ ಡಿಕ್ರಿಗೆ ಮುದ್ರಾಂಕ ಶುಲ್ಕವಂತೂ ತಪ್ಪದು, ಪಹಣಿ ಬದಲಾವಣೆಗೆ ಹೋಗುವ ಮುನ್ನ ಅದನ್ನು ಕಟ್ಟಿ.

ಪಕ್ಷಗಾರರಲ್ಲಿ ಯಾರಾದರೂ ತೀರಿಕೊಂಡಿದ್ದರೆ 90 ದಿನದೊಳಗೆ ವಾರಸುದಾರರನ್ನು ಸೇರಿಸಿ. ಅಪ್ರಾಪ್ತರಿದ್ದರೆ ಆದೇಶ 32, ನಿಯಮ 7ರಂತೆ ಕೋರ್ಟಿನ ಅನುಮತಿ ಬೇಕು, ಇಲ್ಲದಿದ್ದರೆ ಆ ರಾಜಿಯನ್ನು ಅವರು ರದ್ದು ಮಾಡಿಸಬಹುದು. ಇನ್ನು ಜಮೀನು ಪರಿಶಿಷ್ಟರಿಗೆ ಮಂಜೂರಾದದ್ದಾದರೆ, ಸರ್ಕಾರದ ಪೂರ್ವಾನುಮತಿಯಿಲ್ಲದೆ ಹೊರಗಿನವರಿಗೆ ಬಿಟ್ಟುಕೊಡುವ ರಾಜಿ 1978ರ ಪಿಟಿಸಿಎಲ್ ಕಾಯ್ದೆಗೆ (ಪರಿಶಿಷ್ಟರಿಗೆ ಮಂಜೂರಾದ ಜಮೀನಿನ ಪರಭಾರೆ ನಿಷೇಧಿಸುವ ಕರ್ನಾಟಕದ ಕಾಯ್ದೆಗೆ) ವಿರುದ್ಧ. ಕೋರ್ಟಿನ ಮುದ್ರೆ ಬಿದ್ದ ಮಾತ್ರಕ್ಕೆ ಅದು ಉಳಿಯದು.

ಪ್ರಶ್ನೆ: ನಮ್ಮ ಅಪೀಲಿನಲ್ಲಿ ಎದುರುದಾರನಾದ ತಮ್ಮ ದುಬೈಯಲ್ಲಿದ್ದಾನೆ. ಅವನಿಲ್ಲದೆ ರಾಜಿ ಆದೀತೇ?

ಉತ್ತರ: ಅವನ ಪರ ಜಿಪಿಎದಾರರು (ಅಧಿಕಾರ ಪತ್ರ, ಅಂದರೆ ಜಿಪಿಎ, ಪಡೆದವರು) ಸಹಿ ಹಾಕಬಹುದು. ‘ಈ ಅಪೀಲಿನಲ್ಲಿ ರಾಜಿ ಮಾಡಿಕೊಳ್ಳಲು’ ಎಂಬ ಮಾತು, ಅಪೀಲಿನ ನಂಬರು, ಸರ್ವೆ ನಂಬರು ಜಿಪಿಎಯಲ್ಲಿ ಇರಬೇಕು. ಅಲ್ಲಿನ ಭಾರತೀಯ ಕಾನ್ಸುಲೇಟಿನಲ್ಲಿ ದೃಢೀಕರಿಸಿ, ಇಲ್ಲಿಗೆ ಬಂದ 3 ತಿಂಗಳೊಳಗೆ ಮುದ್ರಾಂಕ ಶುಲ್ಕ ಕಟ್ಟಿಸಿ.

ಪ್ರಶ್ನೆ: ರಾಜಿ ಡಿಕ್ರಿಯಾದ ಮೇಲೆ ಮೋಸ ಗೊತ್ತಾಯಿತು. ಹೊಸ ದಾವೆ ಹೂಡಬಹುದೇ?

ಉತ್ತರ: ಆಗದು, ಆದೇಶ 23ರ ನಿಯಮ 3ಎ ತಡೆಯುತ್ತದೆ. ರಾಜಿ ದಾಖಲಿಸಿದ ಕೋರ್ಟಿಗೇ, ತಡ ಮಾಡದೆ, ಅರ್ಜಿ ಹಾಕಿ. ಲೋಕ ಅದಾಲತ್ತಿನಲ್ಲಿ ಆದದ್ದಾದರೆ ಅಪೀಲೂ ಇಲ್ಲ. ಹೈಕೋರ್ಟಿನಲ್ಲಿ ರಿಟ್ ಒಂದೇ, ಅದೂ ತೀರಾ ಸೀಮಿತ ಕಾರಣಗಳಿಗೆ.