ಗ್ರಂಥಪಾಲಕಿ ಮೇರಿ ಎಮೊಜೀನ್ ಹೇಝಲ್ಟೈನ್ ಹಬ್ಬಗಳ ಬಗ್ಗೆ ಯಾಕೆ ಪುಸ್ತಕ ಬರೆದರು?

ಅಂಥ ಪುಸ್ತಕ ಲೈಬ್ರರಿಗೆ ಬೇಕಿತ್ತು, ಅದಕ್ಕೇ. ಲಿಂಕನ್ ಹುಟ್ಟಿದ ದಿನವೋ ಥ್ಯಾಂಕ್ಸ್‌ಗಿವಿಂಗ್ ಎಂಬ ಕೃತಜ್ಞತೆಯ ಹಬ್ಬವೋ ಹತ್ತಿರ ಬಂತೆಂದರೆ ಅಮೆರಿಕದ ಶಿಕ್ಷಕರು, ಮಕ್ಕಳು ಲೈಬ್ರರಿಗೆ ಬಂದು ಕೇಳುವ ಪ್ರಶ್ನೆಗಳು ಹೆಚ್ಚುಕಡಿಮೆ ಅವೇ: ಈ ದಿನ ಹೇಗೆ ಶುರುವಾಯಿತು, ಹೇಗೆ ಆಚರಿಸಬೇಕು? ಉತ್ತರಗಳು ಹತ್ತಾರು ಪುಸ್ತಕಗಳಲ್ಲಿ ಚದುರಿರುತ್ತವೆ. ಪ್ರತಿ ವರ್ಷ ಹೊಸದಾಗಿ ಹುಡುಕುವುದು ಸುಮ್ನೆ ಶ್ರಮ, ಅಲ್ವಾ?

ಹೇಝಲ್ಟೈನ್ (1868–1949) ಮೊದಲು ನ್ಯೂಯಾರ್ಕ್ ರಾಜ್ಯದ ಜೇಮ್ಸ್‌ಟೌನ್ ಊರಿನ ಲೈಬ್ರರಿ ನೋಡಿಕೊಂಡರು. 1906ರಿಂದ 1938ರವರೆಗೆ ಮ್ಯಾಡಿಸನ್‌ನಲ್ಲಿ ವಿಸ್ಕಾನ್ಸಿನ್ ಲೈಬ್ರರಿ ಶಾಲೆ ನಡೆಸಿದರು, ಅಂದರೆ ಗ್ರಂಥಪಾಲಕರನ್ನು ತಯಾರು ಮಾಡುವ ಶಾಲೆ. ಅವರ ‘ಆನಿವರ್ಸರೀಸ್ ಅಂಡ್ ಹಾಲಿಡೇಸ್’ 1928ರಲ್ಲಿ ಬಂತು. ಅದು ವರ್ಷದ ದಿನಗಳ ಕ್ರಮದಲ್ಲೇ ಇದೆ. ದಿನ ಗೊತ್ತಿದ್ದರೆ ಸಾಕು, ಆ ಹಬ್ಬದ ಬಗ್ಗೆ ಎಲ್ಲಿ ಓದಬಹುದು ಎಂಬುದೂ ಅಲ್ಲೇ ಸಿಗುತ್ತದೆ. ನನಗೆ ಜಾಸ್ತಿ ಇಷ್ಟವಾಗುವುದು ಇದೇ.

1944ರಲ್ಲಿ ಎರಡನೇ ಆವೃತ್ತಿಯೂ ಬಂತು. ಇಂಥ ಪುಸ್ತಕವನ್ನು ತಿದ್ದುತ್ತಲೇ ಇರಬೇಕು. ಎರಡು ಆವೃತ್ತಿಗಳ ನಡುವೆ ಥ್ಯಾಂಕ್ಸ್‌ಗಿವಿಂಗ್ ದಿನವೇ ಬದಲಾಗಿ, 1941ರ ಕಾನೂನಿನಿಂದ ನವೆಂಬರ್ ತಿಂಗಳ ನಾಲ್ಕನೇ ಗುರುವಾರಕ್ಕೆ ನಿಂತಿತ್ತು.